ಹಿಟ್ಲರನನ್ನು ಸಿನಿಮಾ ಮಂದಿರದಲ್ಲೇ ಕೊಂದ ಚಿತ್ರ, ಮತ್ತು ನಮ್ಮ ಕೊಡಗಿಗೆ ಅಂಥದ್ದೊಂದು ಬೇಕಾ ಅನ್ನುವ ಪ್ರಶ್ನೆ

ತೋಟದಮನೆ, ವಿರಾಜಪೇಟೆ:

ಕ್ವೆಂಟಿನ್ ಟರಂಟಿನೋ ಅವರ ‘ಇನ್‌ಗ್ಲೋರಿಯಸ್ ಬಾಸ್ಟರ್ಡ್ಸ್’ ಬಗ್ಗೆ ಒಂದು ವಾದ ಇಡುತ್ತಿದ್ದೇನೆ. 2009ರ ಚಿತ್ರ. ನೋಡದವರು ನೋಡಿಕೊಂಡು ಬನ್ನಿ. ಕೊನೆ ಹೇಳದೆ ಈ ಮಾತು ಆಡೋಕೆ ಆಗಲ್ಲ.

ನಾಜಿಗಳ ವಶದಲ್ಲಿರುವ ಫ್ರಾನ್ಸ್. 1941. ಹಸು ಸಾಕಿದ ರೈತನೊಬ್ಬ ತನ್ನ ಮನೆಯ ನೆಲದಡಿ ಒಂದು ಯಹೂದಿ ಕುಟುಂಬವನ್ನು ಬಚ್ಚಿಟ್ಟಿರುತ್ತಾನೆ. ನಾಜಿ ಕರ್ನಲ್ ಲಾಂಡಾ ಬಂದು ಅವರನ್ನು ಕೊಲ್ಲಿಸುತ್ತಾನೆ. ಶೋಶಾನಾ ಅನ್ನುವ ಹುಡುಗಿ ಒಬ್ಬಳೇ ಓಡಿ ಬದುಕುತ್ತಾಳೆ. 1944ರಲ್ಲಿ ಅವಳು ಪ್ಯಾರಿಸ್‌ನಲ್ಲಿ ಬೇರೆ ಹೆಸರಿನಲ್ಲಿ ಸಿನಿಮಾ ಮಂದಿರ ನಡೆಸುತ್ತಿದ್ದಾಳೆ. ನಾಜಿಗಳ ಪ್ರಚಾರ ಚಿತ್ರವೊಂದನ್ನು ನೋಡಲು ಹಿಟ್ಲರ್, ಅವನ ಪ್ರಚಾರ ಮಂತ್ರಿ ಗೋಬೆಲ್ಸ್ ಎಲ್ಲರೂ ಅದೇ ಮಂದಿರಕ್ಕೆ ಬರುತ್ತಾರೆ. ಇತ್ತ ಅಮೆರಿಕದ ಯಹೂದಿ ಸೈನಿಕರ ತಂಡವೊಂದು ಬಾಂಬು ಕಟ್ಟಿಕೊಂಡು ಒಳಗೆ ನುಗ್ಗಿರುತ್ತದೆ. ಶೋಶಾನಾ ಕಡೆಯವರು ಬಾಗಿಲು ಹಾಕಿ ಬೆಂಕಿ ಇಡುತ್ತಾರೆ. ಹಿಟ್ಲರ್ ಗುಂಡು ತಿಂದು ಅಲ್ಲೇ ಸಾಯುತ್ತಾನೆ.

ನಿಜದಲ್ಲಿ ಅವನು 1945ರ ಏಪ್ರಿಲ್ 30ರಂದು ಬರ್ಲಿನ್ನಿನ ಬಂಕರಿನಲ್ಲಿ ಆತ್ಮಹತ್ಯೆ ಮಾಡಿಕೊಂಡ. ಯಾರ ಕೈಗೂ ಸಿಗಲಿಲ್ಲ.

ನನ್ನ ಪ್ರಕಾರ ಈ ಸುಳ್ಳು ನಡೆಯುವುದು ನಿಜ ಎಲ್ಲರಿಗೂ ಗೊತ್ತಿರುವುದರಿಂದ. ನಾಜಿಗಳ ಮೇಲೆ ನಡೆದ ನ್ಯೂರೆಂಬರ್ಗ್ ವಿಚಾರಣೆ ಇದೆ, ಕಡತ ಇದೆ, ಫೋಟೋ ಇದೆ, ಬದುಕಿ ಬಂದವರ ಹೇಳಿಕೆ ಇದೆ. ಅಷ್ಟು ಗಟ್ಟಿ ನೆಲದ ಮೇಲೆ ನಿಂತು ಟರಂಟಿನೋ ಕಥೆ ಕಟ್ಟಿದ್ದಾರೆ. ಮೊದಲ ಅಧ್ಯಾಯದ ಶೀರ್ಷಿಕೆಯೇ ‘ಒಂದಾನೊಂದು ಕಾಲದಲ್ಲಿ’ ಅಂತ ಶುರುವಾಗುತ್ತದೆ. ಇದು ಅಜ್ಜಿಕಥೆ ಅಂತ ಮುಚ್ಚುಮರೆ ಇಲ್ಲದೆ ಹೇಳಿಬಿಡುತ್ತಾರೆ.

ಈಗ ವಿಷಯಕ್ಕೆ ಬರುತ್ತೇನೆ. ನಮ್ಮ ಕಡೆ ಮದುವೆ ಊಟಕ್ಕೆ ಕೂತರೂ ಯಾರಾದರೂ ಒಬ್ಬರು ಹೇಳುತ್ತಾರೆ: ಕೊಡಗಿನ ಇತಿಹಾಸಕ್ಕೂ ಹೀಗೊಂದು ಸಿನಿಮಾ ಬೇಕು, ಸೋತ ಜಾಗದಲ್ಲೆಲ್ಲ ಗೆಲ್ಲಿಸಿಬಿಡಬೇಕು, ಅಂತ. ನನಗೆ ಬೇಡ. ನಮ್ಮಲ್ಲಿ ನಡೆದದ್ದು ಏನು ಅನ್ನುವುದರ ಬಗ್ಗೆಯೇ ಇನ್ನೂ ಜಗಳ ಮುಗಿದಿಲ್ಲ. ಅದರ ಮೇಲೆ ಸೇಡಿನ ಕಥೆ ಹೊದಿಸಿದರೆ ಹತ್ತು ವರ್ಷದಲ್ಲಿ ಅದೇ ಇತಿಹಾಸ ಆಗಿಬಿಡುತ್ತದೆ. ಏನಂತೀರಿ?

ಕಿತ್ತಳೆಸಿಪ್ಪೆ, ಸೋಮವಾರಪೇಟೆ:

ಒಪ್ಪಲ್ಲ. ನೋಡುವವರನ್ನು ಇಷ್ಟು ದಡ್ಡರು ಅಂದುಕೊಂಡರೆ ಯಾರೂ ಏನೂ ಮಾಡೋಕೆ ಆಗಲ್ಲ. ಸಿನಿಮಾ ಪಾಠಪುಸ್ತಕ ಅಲ್ಲ.

ಇನ್ನೊಂದು ವಿಷಯ. ನೀವು ಕಥೆ ಹೇಳುವಾಗ ಹಿಟ್ಲರ್ ಸಾವಿಗೇ ಓಡಿಬಿಟ್ಟಿರಿ. ಎಲ್ಲರೂ ಹಾಗೇ ಮಾಡುತ್ತಾರೆ. ನನಗೆ ಈ ಚಿತ್ರ ಅಂದರೆ ಮೊದಲ ಇಪ್ಪತ್ತು ನಿಮಿಷ. ಒಂದು ಮೇಜು, ಇಬ್ಬರು ಗಂಡಸರು, ಒಂದು ಲೋಟ ಹಾಲು. ಲಾಂಡಾ ದನಿ ಎತ್ತುವುದೇ ಇಲ್ಲ. ಹಾಲು ಚೆನ್ನಾಗಿದೆ ಅಂತಾನೆ, ಹೆಣ್ಣುಮಕ್ಕಳನ್ನು ಹೊಗಳುತ್ತಾನೆ, ಕಾಗದ ತೆಗೆದು ಪೆನ್ನಿಗೆ ಶಾಯಿ ತುಂಬುತ್ತಾನೆ. ಸರ್ಕಾರಿ ಗುಮಾಸ್ತ ಲೆಕ್ಕ ತಗೊಳ್ಳೋಕೆ ಬಂದ ಹಾಗೆ. ಆಮೇಲೆ ಕ್ಯಾಮೆರಾ ನಿಧಾನಕ್ಕೆ ನೆಲದ ಕೆಳಗೆ ಇಳಿಯುತ್ತೆ. ಅಲ್ಲಿಂದ ಮುಂದೆ ಪ್ರತಿ ಮಾತೂ ಬೇರೆ ಥರ ಕೇಳುತ್ತೆ.

ಪ್ಯಾರಿಸ್‌ನ ಹೋಟೆಲಿನಲ್ಲಿ ಮತ್ತೆ ಶೋಶಾನಾ ಎದುರು ಕೂತು, ಅವಳಿಗೆ ಹಾಲನ್ನೇ ತರಿಸುತ್ತಾನಲ್ಲ, ಗುರುತು ಹಿಡಿದನೋ ಇಲ್ಲವೋ ಚಿತ್ರ ಕೊನೆವರೆಗೂ ಹೇಳಲ್ಲ. ಲಾಂಡಾ ಪಾತ್ರ ಮಾಡಿದ ಕ್ರಿಸ್ಟಾಫ್ ವಾಲ್ಟ್ಸ್‌ಗೆ ಕಾನ್‌ನಲ್ಲೂ ಆಸ್ಕರ್‌ನಲ್ಲೂ ಪ್ರಶಸ್ತಿ ಸುಮ್ನೆ ಬರಲಿಲ್ಲ.

ಮಂಜಿನೂರು, ಮಡಿಕೇರಿ:

‘ನಿಜ ಎಲ್ಲರಿಗೂ ಗೊತ್ತು’ ಅಂದಿರಲ್ಲ, ನಮ್ಮ ಪಕ್ಕದ ಮನೆ ಹುಡುಗ ಪಿಯುಸಿ ಓದುತ್ತಾನೆ. ಮೊಬೈಲಿನಲ್ಲಿ ಆ ಚಿತ್ರದ ಎರಡು ನಿಮಿಷದ ತುಣುಕು ನೋಡಿದ್ದಾನೆ. ‘ಹಿಟ್ಲರನ್ನು ಥಿಯೇಟರಲ್ಲಿ ಸುಟ್ರು ಅಲ್ವಾ ಅಂಕಲ್’ ಅಂದ. ತಮಾಷೆ ಮಾಡುತ್ತಿರಲಿಲ್ಲ.

ತೋಟದಮನೆ:

ಇರಬಹುದು. ಆದರೆ ಅವನನ್ನು ಲೈಬ್ರರಿಗೆ ಕರೆದುಕೊಂಡು ಹೋದರೆ ಅರ್ಧ ಗಂಟೆಯಲ್ಲಿ ಸರಿಹೋಗುತ್ತಾನೆ. ಯಾವ ಪುಸ್ತಕ ತೆಗೆದರೂ ಒಂದೇ ತಾರೀಕು, ಒಂದೇ ಬಂಕರು. ಅದೇ ಹುಡುಗ 1785ರಲ್ಲಿ ದೇವಟ್ಟಿಪರಂಬಿನಲ್ಲಿ ಏನಾಯಿತು ಅಂತ ಕೇಳಿದರೆ ಯಾವ ಪುಸ್ತಕ ಕೊಡುತ್ತೀರಿ? ಟಿಪ್ಪು ಸೈನ್ಯ ಅಲ್ಲಿ ಸೆರೆ ಹಿಡಿದು ಒಯ್ದ ಕೊಡವರ ಲೆಕ್ಕದಲ್ಲೇ ಒಂದು ಪುಸ್ತಕಕ್ಕೂ ಇನ್ನೊಂದಕ್ಕೂ ಹತ್ತಾರು ಸಾವಿರದ ವ್ಯತ್ಯಾಸ ಇದೆ.

ಹಳೇಪ್ರೊಜೆಕ್ಟರ್, ಕುಶಾಲನಗರ:

ಇತಿಹಾಸ ನಿಮಗೇ ಇರಲಿ, ನಾನು ಬೆಂಕಿ ಬಗ್ಗೆ ಹೇಳುತ್ತೇನೆ. ಟಾಕೀಸಿನಲ್ಲಿ ರೀಲು ಓಡಿಸಿದವನು ನಾನು. ಈಗ ಆ ಟಾಕೀಸೂ ಇಲ್ಲ.

ಶೋಶಾನಾ ಬೆಂಕಿ ಇಡೋಕೆ ಹಳೇ ಫಿಲ್ಮ್ ರೀಲು ರಾಶಿ ಹಾಕಿಸುತ್ತಾಳೆ. ಅದು ನೈಟ್ರೇಟ್ ಫಿಲ್ಮ್. ಸುಮ್ನೆ ಕಟ್ಟಿದ ಮಾತಲ್ಲ. ಅದು ಉರಿಯುವಾಗ ತನಗೆ ಬೇಕಾದ ಆಮ್ಲಜನಕ ತಾನೇ ಬಿಡುತ್ತೆ. ನೀರೊಳಗೆ ಮುಳುಗಿಸಿದರೂ ಉರಿಯುತ್ತಲೇ ಇರುತ್ತೆ. 1950ರ ದಶಕದ ಶುರುವಿನಲ್ಲಿ ಕೊಡಕ್ ಅದನ್ನು ನಿಲ್ಲಿಸಿತು, ಆಮೇಲೆ ಬಂದಿದ್ದೆಲ್ಲ ಸೇಫ್ಟಿ ಫಿಲ್ಮ್. ನಾನು ಕೈಯಲ್ಲಿ ಹಿಡಿದಿದ್ದು ಅದನ್ನೇ. ಆದರೂ ಕ್ಯಾಬಿನ್ನಿನಲ್ಲಿ ಬೀಡಿ ಹಚ್ಚಿದರೆ ನಮ್ಮ ಮೇಸ್ತ್ರಿ ಕೆನ್ನೆಗೆ ಬಾರಿಸುತ್ತಿದ್ದರು. ಅವರು ಹಳೇ ಕಾಲದವರು.

ಪ್ಯಾರಿಸ್‌ಗೂ ಸಿನಿಮಾ ಬೆಂಕಿಗೂ ಹಳೇ ನಂಟು ಇದೆ. 1897ರಲ್ಲಿ ಅಲ್ಲಿ ಒಂದು ದಾನದ ಸಂತೆಯಲ್ಲಿ ಸಿನಿಮಾ ತೋರಿಸುವಾಗ ಪ್ರೊಜೆಕ್ಟರಿನ ಈಥರ್ ದೀಪದಿಂದ ಬೆಂಕಿ ಹತ್ತಿ 120ಕ್ಕೂ ಹೆಚ್ಚು ಜನ ಸತ್ತರು. ಜಾಸ್ತಿ ಮಂದಿ ಹೆಂಗಸರು.

ಇನ್ನು ರೀಲು ಬದಲಿಸುವ ಕೆಲಸ. ಎರಡು ಸಾವಿರ ಅಡಿಯ ರೀಲು ಅಂದರೆ ಇಪ್ಪತ್ತೆರಡು ನಿಮಿಷ. ಪರದೆ ಮೂಲೆಯಲ್ಲಿ ಚುಕ್ಕೆ ಕಂಡ ತಕ್ಷಣ ಎರಡನೇ ಪ್ರೊಜೆಕ್ಟರ್ ಶುರು ಮಾಡಬೇಕು. ಅವಳು ನಾಲ್ಕನೇ ರೀಲಿಗೆ ತನ್ನ ಮುಖದ ತುಣುಕು ಅಂಟಿಸಿರುತ್ತಾಳೆ. ನೋಡುವಾಗ ನನ್ನ ಕೈ ತಾನಾಗೇ ಎದ್ದಿತು. ಮನೆಯವರು ನಕ್ಕರು.

ಪಿಂಚಣಿದಾರ, ಪೊನ್ನಂಪೇಟೆ:

ನಾನು ಫೌಜಿನಲ್ಲಿ ಇದ್ದವನು. ಚಿತ್ರ ಮಗಳು ಹಾಕಿಕೊಟ್ಟಳು. ಅರ್ಧಕ್ಕೇ ಎದ್ದು ಹೋಗೋಣ ಅನ್ನಿಸಿತು.

ಆ ಜರ್ಮನ್ ಸಾರ್ಜೆಂಟ್‌ನನ್ನು ಬೇಸ್‌ಬಾಲ್ ಆಡುವ ದೊಣ್ಣೆಯಿಂದ ಹೊಡೆದು ಸಾಯಿಸುತ್ತಾರಲ್ಲ, ಅವನು ಕೈದಿ. ತನ್ನ ಜೊತೆಗಾರರು ಎಲ್ಲಿದ್ದಾರೆ ಅಂತ ಹೇಳು, ಬಿಡುತ್ತೇವೆ ಅಂತಾರೆ. ಅವನು ಹೇಳಲ್ಲ. ಎದೆಯ ಪದಕ ಯಾಕೆ ಸಿಕ್ಕಿತು ಅಂದರೆ ಶೌರ್ಯಕ್ಕೆ ಅಂತಾನೆ. ಯಾವ ಸೈನ್ಯದಲ್ಲಾದರೂ ಅವನನ್ನು ಒಳ್ಳೆ ಸಿಪಾಯಿ ಅಂತಲೇ ಕರೆಯುತ್ತಾರೆ. ಕೈದಿಗಳನ್ನು ಹೇಗೆ ನೋಡಿಕೊಳ್ಳಬೇಕು ಅಂತ 1929ರ ಜಿನೀವಾ ಒಪ್ಪಂದವೇ ಇತ್ತು. ಇವರು ಸತ್ತವರ ನೆತ್ತಿಯ ಚರ್ಮ ಕೀಳುತ್ತಾರೆ, ಬಿಟ್ಟವರ ಹಣೆಯ ಮೇಲೆ ಚಾಕುವಿನಲ್ಲಿ ಸ್ವಸ್ತಿಕ ಕೊರೆಯುತ್ತಾರೆ. ಜನ ಚಪ್ಪಾಳೆ ಹೊಡೆಯುತ್ತಾರೆ.

ನಮ್ಮ ಜಿಲ್ಲೆಯವರು ಇನ್ನೊಂದು ಕಥೆ ನೆನಪು ಮಾಡಿಕೊಳ್ಳಿ. 1965ರ ಯುದ್ಧದಲ್ಲಿ ಕಾರ್ಯಪ್ಪನವರ ಮಗನ ವಿಮಾನ ಬಿದ್ದು ಅವರು ಪಾಕಿಸ್ತಾನಕ್ಕೆ ಸೆರೆ ಸಿಕ್ಕಿದರು. ಅಲ್ಲಿನ ಅಧ್ಯಕ್ಷ ಅಯೂಬ್ ಖಾನ್ ಕಾರ್ಯಪ್ಪನವರಿಗೆ ಹಳೇ ಪರಿಚಯ. ಮಗನಿಗೆ ವಿಶೇಷ ಸವಲತ್ತು ಬೇಡ, ಉಳಿದ ಕೈದಿಗಳಂತೆಯೇ ನೋಡಿಕೊಳ್ಳಿ ಅಂದರು ಇವರು. ಎದುರಾಳಿಯೂ ನಿಯಮ ಪಾಲಿಸುತ್ತಾನೆ ಅನ್ನುವ ನಂಬಿಕೆ ಇಲ್ಲದೆ ಹಾಗೆ ಹೇಳೋಕೆ ಆಗಲ್ಲ.

ಕಿತ್ತಳೆಸಿಪ್ಪೆ:

ಸರ್, ನೀವು ಹೇಳಿದ್ದನ್ನೇ ಚಿತ್ರವೂ ಹೇಳುತ್ತಿದೆ ಅಂತ ನನಗನ್ನಿಸುತ್ತೆ. ಆ ಸಾರ್ಜೆಂಟ್‌ಗೆ ಘನತೆ ಕೊಟ್ಟಿದ್ದು ನಿರ್ದೇಶಕರೇ ಅಲ್ವಾ? ಬೇಕಿದ್ದರೆ ಅವನನ್ನು ಕೋಡಂಗಿ ಮಾಡಬಹುದಿತ್ತು.

ಕೊನೆಯ ದೃಶ್ಯ ನೋಡಿ. ಪರದೆಯ ಮೇಲೆ ಒಬ್ಬ ಜರ್ಮನ್ ಸೈನಿಕ ಗೋಪುರದ ಮೇಲಿಂದ ಒಬ್ಬೊಬ್ಬರನ್ನೇ ಗುಂಡಿಟ್ಟು ಕೊಲ್ಲುತ್ತಿದ್ದಾನೆ. ಕೆಳಗೆ ಕೂತ ಹಿಟ್ಲರ್ ಖುಷಿಯಿಂದ ನಗುತ್ತಿದ್ದಾನೆ. ನಮಗೆ ಅಸಹ್ಯ. ಮುಂದಿನ ಐದು ನಿಮಿಷದಲ್ಲಿ ಮೇಲಿನ ಬಾಲ್ಕನಿಯಿಂದ ಕೆಳಗಿದ್ದವರನ್ನು ಗುಂಡಿಟ್ಟು ಕೊಲ್ಲುತ್ತಾರೆ. ಈಗ ನಗುವವರು ನಾವು.

ಸೇಡು ತೀರಿತು ಅಂತೀರಿ. ಯಾರ ಸೇಡು? ಹಿಟ್ಲರ್ ಸಾಯುವ ಹೊತ್ತಿಗೆ ಶೋಶಾನಾ ಕ್ಯಾಬಿನ್ನಿನಲ್ಲಿ ಸತ್ತು ಬಿದ್ದಿದ್ದಾಳೆ. ಪರದೆ ಮೇಲೆ ನಗುವುದು ಅವಳ ಫಿಲ್ಮ್ ಅಷ್ಟೇ. ಅವಳ ಮನೆಯವರನ್ನು ಕೊಲ್ಲಿಸಿದ ಲಾಂಡಾ ಆ ಮಂದಿರದಲ್ಲಿ ಸಾಯುವುದೇ ಇಲ್ಲ. ಅಮೆರಿಕದವರ ಜೊತೆ ವ್ಯಾಪಾರ ಕುದುರಿಸಿ, ಹಣೆ ಮೇಲೆ ಗಾಯ ಹೊತ್ತು ಬದುಕಿಬಿಡುತ್ತಾನೆ. ಅದೂ ಅವಳಿಗೆ ಗೊತ್ತಿಲ್ಲ. ಅದೇ ಕಟ್ಟಡದಲ್ಲಿ ಇನ್ನೊಂದು ತಂಡ ಬಾಂಬು ಕಟ್ಟಿಕೊಂಡು ಕೂತಿತ್ತು ಅನ್ನುವುದೂ ಗೊತ್ತಿಲ್ಲ. ಇಷ್ಟು ಅರ್ಧಂಬರ್ಧ ಸೇಡನ್ನು ಗೆಲುವು ಅಂತ ಸಂಭ್ರಮಿಸುತ್ತಿದ್ದೇವೆ.

ಪಿಂಚಣಿದಾರ:

ಇದು ಹೊಳೆದಿರಲಿಲ್ಲ. ಆದರೂ ದೊಣ್ಣೆ ದೃಶ್ಯ ನನಗೆ ಬೇಡ.

ನಿಜವಾಗಿ ಇದ್ದವರ ಬಗ್ಗೆ ಯಾಕೆ ಸಿನಿಮಾ ಮಾಡಲ್ಲ? ಫ್ರೆಡರಿಕ್ ಮೇಯರ್ ಅಂತ ಒಬ್ಬರು. ಜರ್ಮನಿಯಲ್ಲಿ ಹುಟ್ಟಿದ ಯಹೂದಿ, 1938ರಲ್ಲಿ ಮನೆಯವರ ಜೊತೆ ಅಮೆರಿಕಕ್ಕೆ ಹೋದವರು. 1945ರ ಫೆಬ್ರವರಿಯಲ್ಲಿ ಪ್ಯಾರಾಚೂಟಿನಲ್ಲಿ ಆಸ್ಟ್ರಿಯಾದ ಹಿಮದ ಬೆಟ್ಟಕ್ಕೆ ಇಳಿದು, ಜರ್ಮನ್ ಅಧಿಕಾರಿಯ ವೇಷ ಹಾಕಿಕೊಂಡು ಇನ್ಸ್‌ಬ್ರುಕ್ ಊರೊಳಗೆ ಓಡಾಡಿದರು. ಸಿಕ್ಕಿಬಿದ್ದು ಚಿತ್ರಹಿಂಸೆ ತಿಂದರು. ಬಾಯಿ ಬಿಡಲಿಲ್ಲ. ಕೊನೆಗೆ ಆ ಊರು ಹೋರಾಟ ಇಲ್ಲದೆ ಶರಣಾಗುವ ಹಾಗೆ ಮಾಡಿದವರೂ ಅವರೇ. ಒಂದು ನೆತ್ತಿಯನ್ನೂ ಕೀಳಲಿಲ್ಲ.

ಮಂಜಿನೂರು:

ನಿಜವಾದ ಸೇಡಿನ ಪ್ರಯತ್ನವೂ ನಡೆದಿದೆ ಸರ್. ಯುದ್ಧ ಮುಗಿದ ಮೇಲೆ ಅಬ್ಬಾ ಕೋವ್ನರ್ ನೇತೃತ್ವದಲ್ಲಿ ‘ನಕಾಮ್’ ಅನ್ನುವ ಗುಂಪು ಕಟ್ಟಿಕೊಂಡರು. ಎಲ್ಲರೂ ಹತ್ಯಾಕಾಂಡದಿಂದ ಬದುಕಿ ಬಂದವರು. 1946ರ ಏಪ್ರಿಲ್‌ನಲ್ಲಿ ನ್ಯೂರೆಂಬರ್ಗ್ ಹತ್ತಿರದ ಶಿಬಿರದಲ್ಲಿದ್ದ ನಾಜಿ ಕೈದಿಗಳ ಬ್ರೆಡ್ಡಿಗೆ ಆರ್ಸೆನಿಕ್ ಸವರಿದರು. ಸುಮಾರು ಎರಡು ಸಾವಿರ ಮಂದಿಗೆ ಹೊಟ್ಟೆ ಕೆಟ್ಟಿತು. ಸತ್ತರು ಅನ್ನುವುದಕ್ಕೆ ದಾಖಲೆ ಇಲ್ಲ. ಅಷ್ಟೇ. ಸಂಗೀತ ಇಲ್ಲ, ಜ್ವಾಲೆ ಇಲ್ಲ.

ಹಳೇಪ್ರೊಜೆಕ್ಟರ್:

ಮುಖ್ಯವಾದದ್ದು ಒಂದು ಬಿಟ್ಟುಹೋಯಿತು. ಈ ಚಿತ್ರ ತೆಗೆದ ಸ್ಟುಡಿಯೋ ಯಾವುದು ಗೊತ್ತಾ? ಬರ್ಲಿನ್ ಪಕ್ಕದ ಬಾಬೆಲ್ಸ್‌ಬರ್ಗ್. ಗೋಬೆಲ್ಸ್ ಕಾಲದಲ್ಲಿ ನಾಜಿ ಚಿತ್ರಗಳು ತಯಾರಾಗುತ್ತಿದ್ದದ್ದು ಅಲ್ಲೇ. ಜರ್ಮನಿಯ ಸರ್ಕಾರಿ ಚಿತ್ರ ನಿಧಿಯ ಹಣವೂ ಇದಕ್ಕೆ ಬಂದಿದೆ.

ಗೋಬೆಲ್ಸ್ ಕೊನೆಗಾಲದಲ್ಲಿ ಮಾಡಿಸಿದ ದೊಡ್ಡ ಯುದ್ಧ ಚಿತ್ರ ‘ಕೋಲ್ಬೆರ್ಗ್’. 1807ರಲ್ಲಿ ನೆಪೋಲಿಯನ್ನನ ಸೈನ್ಯ ಮುತ್ತಿದ ಊರಿನ ಕಥೆ. ಊರಿನವರ ಛಲದ ಮುಂದೆ ಫ್ರೆಂಚರು ಕೈಚೆಲ್ಲಿದರು ಅಂತ ಚಿತ್ರ ಹೇಳುತ್ತೆ. ನಿಜದಲ್ಲಿ ಮುತ್ತಿಗೆ ನಿಂತಿದ್ದು ಶಾಂತಿ ಒಪ್ಪಂದ ಆದದ್ದರಿಂದ. ದೇಶ ಸೋಲುತ್ತಿರುವಾಗ ಸಾವಿರಾರು ಸೈನಿಕರನ್ನು ಯುದ್ಧದಿಂದ ಕರೆಸಿ ಕ್ಯಾಮೆರಾ ಮುಂದೆ ನಿಲ್ಲಿಸಿದರು. 1945ರ ಜನವರಿ 30ಕ್ಕೆ ಬಿಡುಗಡೆ. ಮಾರ್ಚ್‌ನಲ್ಲಿ ನಿಜವಾದ ಕೋಲ್ಬೆರ್ಗ್ ಸೋವಿಯತ್ ಮತ್ತು ಪೋಲಿಷ್ ಸೈನ್ಯದ ಕೈಗೆ ಹೋಯಿತು.

ಇತಿಹಾಸ ತಿರುಚಿ ಯುದ್ಧ ಚಿತ್ರ ತೆಗೆಯುವ ಕೆಲಸ ನಾಜಿಗಳೂ ಮಾಡಿದ್ದಾರೆ ಅಂತ ಹೇಳೋಕೆ ಬಂದೆ.

ತೋಟದಮನೆ:

ಇದು ನನಗೆ ಬೇಕಾಗಿದ್ದ ಉದಾಹರಣೆ. ‘ಕೋಲ್ಬೆರ್ಗ್’ ಕೂಡ ಸುಳ್ಳು, ಟರಂಟಿನೋ ಚಿತ್ರವೂ ಸುಳ್ಳು. ಒಂದು ನಂಬಿ ಅನ್ನುತ್ತೆ. ಇನ್ನೊಂದು ನಂಬಬೇಡಿ, ಆದರೂ ನೋಡಿ ಅನ್ನುತ್ತೆ. ನಮ್ಮಲ್ಲಿ ಬರುವುದು ಮೊದಲನೇ ಜಾತಿಯದೇ ಅಂತ ನನ್ನ ಭಯ. ಜಾಹೀರಾತಿನಲ್ಲೇ ‘ಮುಚ್ಚಿಟ್ಟ ಸತ್ಯ’ ಅಂತ ಬರೆದಿರುತ್ತಾರೆ, ನೋಡ್ತಾ ಇರಿ.

ನಿರ್ವಾಹಕ:

ಇಲ್ಲಿ ಮೂರು ಪೋಸ್ಟ್ ತೆಗೆದಿದ್ದೇನೆ. ಟಿಪ್ಪು ಬಗ್ಗೆ ವಾದ ಮಾಡಲು ಬೇರೆ ಎಳೆಗಳಿವೆ, ಅವುಗಳಿಗೂ ಬೀಗ ಬಿದ್ದಿದೆ. 2015ರ ನವೆಂಬರ್‌ನಲ್ಲಿ ಟಿಪ್ಪು ಜಯಂತಿ ದಿನ ಮಡಿಕೇರಿಯಲ್ಲಿ ಎಂಥ ಗಲಭೆ ಆಯಿತು ಅಂತ ಇಲ್ಲಿರುವ ಎಲ್ಲರಿಗೂ ಗೊತ್ತು. ಸಿನಿಮಾ ಬಗ್ಗೆ ಮಾತಾಡಿ.

ತೋಟದಮನೆ:

ನನ್ನ ವಾದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ? ಎರಡು ಶತಮಾನ ಕಳೆದರೂ ಬೀಗ ಹಾಕಬೇಕಾದ ವಿಷಯ. ಇದನ್ನೇ ಸ್ಲೋ ಮೋಷನ್ನಿನಲ್ಲಿ ರಕ್ತ ಹಾರಿಸಿ ತೋರಿಸಿದರೆ ಟಾಕೀಸಿನ ಹೊರಗೆ ಏನಾಗುತ್ತೆ?

ಅರೆಭಾಷೆ, ಸಂಪಾಜೆ:

ಎಲ್ಲರೂ 1785ಕ್ಕೇ ಯಾಕೆ ಹೋಗುತ್ತೀರಿ? 1837 ಬಿಟ್ಟುಬಿಟ್ಟಿರಾ? ನಮ್ಮ ಕಡೆ ಅದು ‘ಕಲ್ಯಾಣಪ್ಪನ ಕಾಟಕಾಯಿ’. ಪುಸ್ತಕದಲ್ಲಿ ಅಮರ ಸುಳ್ಯ ದಂಗೆ.

ಗೊತ್ತಿಲ್ಲದವರಿಗೆ: 1834ರಲ್ಲಿ ಈಸ್ಟ್ ಇಂಡಿಯಾ ಕಂಪನಿಯವರು ರಾಜ ಚಿಕವೀರರಾಜೇಂದ್ರನನ್ನು ಇಳಿಸಿ ಕೊಡಗನ್ನು ತಗೊಂಡರು. ಸುಳ್ಯ, ಪುತ್ತೂರು ಕಡೆಯ ಸೀಮೆಯನ್ನು ಕೊಡಗಿನಿಂದ ಕಿತ್ತು ಕೆನರಾಕ್ಕೆ ಸೇರಿಸಿದರು. ಮೊದಲು ಬೆಳೆದದ್ದರಲ್ಲೇ ಕಂದಾಯ ಕೊಡಬಹುದಿತ್ತು. ಇವರು ನಗದೇ ಬೇಕು ಅಂದರು. ರೈತನ ಕೈಯಲ್ಲಿ ಭತ್ತ ಇದೆ, ದುಡ್ಡಿಲ್ಲ. ರಾಜಮನೆತನದ ಕಲ್ಯಾಣಸ್ವಾಮಿಯ ಹೆಸರಿನಲ್ಲಿ ದಂಗೆ ಎದ್ದರು. ಮಂಗಳೂರಿನವರೆಗೆ ಹೋಗಿ ಊರನ್ನೇ ಹಿಡಿದು ಕೆಲವು ದಿನ ಇಟ್ಟುಕೊಂಡರು. ಕಂಪನಿ ಸೈನ್ಯ ಬಂದ ಮೇಲೆ ಸೋತರು. ಸುಬೇದಾರ್ ಗುಡ್ಡೆಮನೆ ಅಪ್ಪಯ್ಯ ಗೌಡರನ್ನು 1837ರ ಅಕ್ಟೋಬರ್ 31ರಂದು ಮಡಿಕೇರಿ ಕೋಟೆಯಲ್ಲಿ ನೇಣಿಗೆ ಹಾಕಿದರು.

ಸೇಡಿನ ಚಿತ್ರಕ್ಕೆ ಇದಕ್ಕಿಂತ ಏನು ಬೇಕು? ಅಪ್ಪಯ್ಯ ಗೌಡರು ನೇಣಿನಿಂದ ತಪ್ಪಿಸಿಕೊಂಡು ಕೋಟೆಗೇ ಬೆಂಕಿ ಇಡಲಿ. ನಾನಂತೂ ಮೊದಲ ದಿನದ ಮೊದಲ ಆಟಕ್ಕೆ ಹೋಗುತ್ತೇನೆ. ಶತ್ರು ಕಂಪನಿ, ಅವರು ಈಗ ಇಲ್ಲಿಲ್ಲ. ಯಾರ ಮನೆಗೂ ಕಲ್ಲು ಬೀಳಲ್ಲ.

ತೋಟದಮನೆ:

ಕಂಪನಿ ಒಂದೇ ಶತ್ರು ಆಗಿದ್ದರೆ ನಾನೂ ಟಿಕೆಟ್ ತಗೊಳ್ಳುತ್ತಿದ್ದೆ. ದಂಗೆ ಅಡಗಿಸಲು ಕಂಪನಿಗೆ ನೆರವಾದವರು ಇಲ್ಲಿನವರೇ, ಕೊಡವ ದಿವಾನರು ಮತ್ತು ಅವರ ಜನ. ನಿಷ್ಠೆಗೆ ಅಂತ ಕಂಪನಿ ಚಿನ್ನ, ಬೆಳ್ಳಿಯಲ್ಲಿ ‘ಕೂರ್ಗ್ ಪದಕ’ ಮಾಡಿಸಿ ಹಂಚಿತು. ನಿಮ್ಮ ಚಿತ್ರದಲ್ಲಿ ಪದಕ ಹಾಕಿಕೊಂಡವರು ಖಳರಾಗಬೇಕು. ಅವರ ಮೊಮ್ಮಕ್ಕಳ ಮೊಮ್ಮಕ್ಕಳು ಮತ್ತು ನಿಮ್ಮವರು ಒಂದೇ ಸಂತೆಯಲ್ಲಿ ಮೆಣಸು ಮಾರುತ್ತಾರೆ.

ಅವರು ಯಾಕೆ ಆ ಕಡೆ ನಿಂತರು ಅನ್ನುವುದಕ್ಕೂ ಅವರದೇ ಕಾರಣ ಇತ್ತು. ಹಳೇ ರಾಜನ ಕಾಲದ ಕ್ರೌರ್ಯ ನೆನಪಿದ್ದವರಿಗೆ ಅದೇ ಮನೆತನ ಮತ್ತೆ ಬರುವುದು ಬೇಕಿರಲಿಲ್ಲ. ಸೇಡಿನ ಚಿತ್ರದಲ್ಲಿ ಈ ಮಾತಿಗೆ ಜಾಗ ಎಲ್ಲಿದೆ?

ಅರೆಭಾಷೆ:

ಖಳರು ಮಾಡಿ ಅಂತ ನಾನು ಹೇಳಲಿಲ್ಲ. ಆದರೆ ನಿಮ್ಮ ಲೆಕ್ಕದಲ್ಲಿ ಸೋತವರ ಕಥೆ ಯಾವಾಗಲೂ ‘ಇನ್ನೂ ಸಮಯ ಬಂದಿಲ್ಲ’ ಅಂತ ಕಾಯುತ್ತಾ ಕೂರಬೇಕು. ಪಾಠಪುಸ್ತಕದಲ್ಲಿ 1857ಕ್ಕೆ ಪುಟಗಟ್ಟಲೆ ಜಾಗ, 1837ಕ್ಕೆ ಎಷ್ಟಿದೆ? ಮಡಿಕೇರಿಯ ಅಪ್ಪಯ್ಯ ಗೌಡರ ಪ್ರತಿಮೆ ಪಕ್ಕ ನಿಂತು ಸೆಲ್ಫಿ ತಗೊಳ್ಳುವವರಲ್ಲಿ ಎಷ್ಟು ಜನಕ್ಕೆ ಹೆಸರು ಗೊತ್ತು? ಸಿನಿಮಾ ಬರಲಿ, ಸುಳ್ಳೇ ಇರಲಿ, ನಿಜ ಏನು ಅಂತ ಹುಡುಕೋಕಾದರೂ ಶುರು ಮಾಡುತ್ತಾರೆ.

ಪಿಂಚಣಿದಾರ:

ಹುಡುಕದೆ ಇದ್ದರೆ ಏನಾಗುತ್ತೆ ಅನ್ನುವುದಕ್ಕೆ ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ದೇವಯ್ಯ ಇದ್ದಾರೆ. 1965ರ ಸೆಪ್ಟೆಂಬರ್ 7ರಂದು ಸರ್ಗೋಧಾ ದಾಳಿಗೆ ಹೋದವರು ವಾಪಸ್ ಬರಲಿಲ್ಲ. ನಾಪತ್ತೆ ಅಂತ ಬರೆದರು. ತಮ್ಮ ಹಳೇ ಮಿಸ್ಟೇರ್ ವಿಮಾನದಲ್ಲಿ ಅದಕ್ಕಿಂತ ಎಷ್ಟೋ ವೇಗದ ಪಾಕಿಸ್ತಾನಿ ಯುದ್ಧವಿಮಾನ ಸ್ಟಾರ್‌ಫೈಟರನ್ನು ಕೆಡವಿದ್ದರು ಅನ್ನುವುದು ಹೊರಬಂದಿದ್ದು ವರ್ಷಗಳ ಮೇಲೆ, ಅದೂ ಒಬ್ಬ ಇಂಗ್ಲಿಷ್ ಲೇಖಕ ಪಾಕಿಸ್ತಾನದ ಕಡೆಯ ಮಾಹಿತಿ ಇಟ್ಟುಕೊಂಡು ಬರೆದ ಪುಸ್ತಕದಿಂದ. ಮಹಾವೀರ ಚಕ್ರ ಕೊಟ್ಟಿದ್ದು 1988ರಲ್ಲಿ. ಆ 23 ವರ್ಷದಲ್ಲಿ ಯಾರಾದರೂ ಅವರ ಬಗ್ಗೆ ಕಟ್ಟುಕಥೆಯ ಸಿನಿಮಾ ಮಾಡಿದ್ದರೆ, ನಿಜ ಬಂದಾಗ ಯಾರು ನಂಬುತ್ತಿದ್ದರು? ಇದನ್ನೂ ಕಥೆ ಅಂದುಬಿಡುತ್ತಿದ್ದರು.

ಹಳೇಪ್ರೊಜೆಕ್ಟರ್:

ಸೇಡಿಗೆ ಬೆಂಕಿಯೇ ಆಗಬೇಕಾ? ಚಿಕವೀರರಾಜೇಂದ್ರ ಸೋತ ಮೇಲೆ ಏನು ಮಾಡಿದ ಗೊತ್ತಲ್ಲ. ಕಾಶಿಯಲ್ಲಿ ಇಟ್ಟಿದ್ದರು. 1852ರಲ್ಲಿ ಮಗಳು ಗೌರಮ್ಮನನ್ನು ಕರೆದುಕೊಂಡು ಹಡಗು ಹತ್ತಿ ಇಂಗ್ಲೆಂಡಿಗೇ ಹೋದ. ಮಗಳ ಕ್ರೈಸ್ತ ದೀಕ್ಷಾಸ್ನಾನಕ್ಕೆ ವಿಕ್ಟೋರಿಯಾ ರಾಣಿ ಧರ್ಮಮಾತೆ. ಅಪ್ಪ ಅದೇ ಊರಿನ ಕೋರ್ಟಿನಲ್ಲಿ ಕಂಪನಿಯ ಮೇಲೆ ದುಡ್ಡಿನ ದಾವೆ ಹಾಕಿದ. 1859ರಲ್ಲಿ ಲಂಡನ್ನಿನಲ್ಲೇ ತೀರಿಕೊಂಡ. ಟರಂಟಿನೋ ಬಂದರೆ ಆ ಕೇಸನ್ನು ಗೆಲ್ಲಿಸಲಿ. ಕಂಪನಿ ಬಡ್ಡಿ ಸಮೇತ ಕೊಡಬೇಕು. ನಾನು ಎರಡು ಸಲ ನೋಡುತ್ತೇನೆ.

ಮಂಜಿನೂರು:

ಕೋರ್ಟ್ ದೃಶ್ಯ ಎರಡೂವರೆ ಗಂಟೆ. ಯಾರು ದುಡ್ಡು ಹಾಕ್ತಾರೆ ಅಣ್ಣ.

ಕಿತ್ತಳೆಸಿಪ್ಪೆ:

1837ರ ಬಗ್ಗೆ ಓದುತ್ತಾ ಕೂತಿದ್ದೆ. ಅರೆಭಾಷೆಯವರೇ, ನೀವು ಒಳ್ಳೆಯದನ್ನೇ ಬಿಟ್ಟಿದ್ದೀರಿ! ದಂಗೆಯ ಮುಂದೆ ನಿಂತಿದ್ದ ‘ಕಲ್ಯಾಣಸ್ವಾಮಿ’ ರಾಜಮನೆತನದವನೇ ಅಲ್ಲವಂತೆ. ನಮ್ಮ ಶನಿವಾರಸಂತೆ ಕಡೆಯ ಪುಟ್ಟಬಸಪ್ಪ ಅನ್ನುವವನಿಗೆ ಆ ಹೆಸರು ಕೊಟ್ಟು ಕೂರಿಸಿದ್ದು. ಜನ ಅವನ ಹಿಂದೆ ಮಂಗಳೂರಿನವರೆಗೆ ನಡೆದರು.

ಅಂದರೆ ಬೇರೆ ಕಥೆ ಕಟ್ಟುವುದೇ ಬೇಡ. ಅವರೇ ಕಟ್ಟಿದ್ದಾರೆ. ಇದನ್ನು ಟರಂಟಿನೋ ಥರ ತೆಗೆಯೋದಾದರೆ ನಾನು ಕೋಟೆಗೆ ಬೆಂಕಿ ಇಡಲ್ಲ. ನೆಲಮಾಳಿಗೆಯ ಹೆಂಡದಂಗಡಿ ದೃಶ್ಯ ನೆನಪಿದೆಯಾ? ಜರ್ಮನ್ ಅಧಿಕಾರಿಯ ವೇಷದಲ್ಲಿದ್ದ ಇಂಗ್ಲಿಷ್‌ನವನು ಮೂರು ಲೋಟ ಅಂತ ಬೆರಳು ತೋರಿಸುತ್ತಾನೆ, ಹೆಬ್ಬೆರಳು ಎತ್ತುವುದಿಲ್ಲ, ಅಲ್ಲಿಗೆ ಸಿಕ್ಕಿಬೀಳುತ್ತಾನೆ. ಪುಟ್ಟಬಸಪ್ಪನನ್ನು ಅಂಥ ಒಂದು ಕೋಣೆಯಲ್ಲಿ ಕೂರಿಸಿ. ಎದುರಿಗೆ ಅರಮನೆಯಲ್ಲಿ ಚಾಕರಿ ಮಾಡಿದ್ದ ಒಬ್ಬ ಮುದುಕ. ನಿಜವಾದ ಕಲ್ಯಾಣಸ್ವಾಮಿಯನ್ನು ಹತ್ತಿರದಿಂದ ಕಂಡವನು. ಊಟ ಬಡಿಸಿದ್ದಾರೆ. ಇಪ್ಪತ್ತು ನಿಮಿಷ ಮಾತು.

ತೋಟದಮನೆ:

ಮುದುಕ ಗುರುತು ಹಿಡಿದೂ ಸುಮ್ಮನಿದ್ದರೆ?

ಕಿತ್ತಳೆಸಿಪ್ಪೆ:

ಅದೇ ಸಿನಿಮಾ. ಇದಕ್ಕೆ ನಿಮ್ಮ ತಕರಾರು ಇಲ್ಲ ಅಲ್ವಾ?

ತೋಟದಮನೆ:

ಪದಕದವರ ಮನೆಯಲ್ಲೂ ಒಂದು ದೃಶ್ಯ ಇಟ್ಟರೆ ಇಲ್ಲ. ಅಷ್ಟೇ ಉದ್ದದ್ದು.

ಪಿಂಚಣಿದಾರ:

ದೊಣ್ಣೆ ಬೇಡ.

ಅರೆಭಾಷೆ:

ಟರಂಟಿನೋ ಚಿತ್ರದಲ್ಲಿ ಜರ್ಮನ್ನರು ಜರ್ಮನ್, ಫ್ರೆಂಚರು ಫ್ರೆಂಚ್ ಮಾತಾಡುತ್ತಾರೆ. ಇದರಲ್ಲೂ ನಮ್ಮವರು ಅರೆಭಾಷೆಯಲ್ಲೇ ಮಾತಾಡಬೇಕು, ಕೊಡವರು ಕೊಡವ ತಕ್ಕಿನಲ್ಲಿ, ಮಂಗಳೂರಿಗೆ ಇಳಿದ ಮೇಲೆ ತುಳು. ಬೆಂಗಳೂರು ಕನ್ನಡದಲ್ಲಿ ಡಬ್ ಮಾಡಿದರೆ ನಾನು ಬರಲ್ಲ, ಈಗಲೇ ಹೇಳಿದ್ದೇನೆ.